ಅತ್ತೆಯ ಕೋಣೆಯ ಬಿಸಿಲು

ಡಿಸೆಂಬರ್ 2

ಸಿಕ್ಕಿತು! ಸಿನಿಮಾ ಸಿಕ್ಕಿತು! ಹಲ್ಲುಜ್ಜುವಾಗ ಹೊಳೆಯಿತು. ಬಾಯಲ್ಲಿ ನೊರೆ ಇಟ್ಟುಕೊಂಡೇ ಇವರಿಗೆ ಹೇಳಲು ಓಡಿದೆ. ಇವರಿಗೆ ಒಂದಕ್ಷರ ತಿಳಿಯಲಿಲ್ಲ. "ಮೊದಲು ಹೋಗಿ ಉಗಿದು ಬಾ, ಆಮೇಲೆ ಹೇಳುವಿಯಂತೆ" ಎಂದರು.

ವಿಷಯ ಇಷ್ಟೇ. ನನ್ನ ಕೋಣೆಯ ಪೂರ್ವದ ಕಿಟಕಿಯಿಂದ ಬೆಳಿಗ್ಗೆ ಒಂದು ತುಂಡು ಬಿಸಿಲು ಒಳಗೆ ಬರುತ್ತದೆ. ಮೊದಲು ಎದುರಿನ ಗೋಡೆಯ ಮೇಲೆ ಬೀಳುತ್ತದೆ, ಆಮೇಲೆ ಮೆಲ್ಲಗೆ ನೆಲಕ್ಕಿಳಿದು, ಹಿಂದೆ ಹಿಂದೆ ಸರಿದು, ಮಧ್ಯಾಹ್ನದ ಹೊತ್ತಿಗೆ ಕಿಟಕಿಯ ಬುಡದಲ್ಲಿ ಮಾಯವಾಗುತ್ತದೆ. ಈ ಮನೆಗೆ ಬಂದಾಗಿನಿಂದ ಅದು ಕಣ್ಣಿಗೆ ಬೀಳುತ್ತಿದೆ, ಆದರೆ ನಾನು ನೋಡಿರಲಿಲ್ಲ. ಆ ಬಿಸಿಲೇ ಸಿನಿಮಾ! ಕಥೆ ಬೇಡ, ಸಂಗೀತ ಬೇಡ, ಮುಖ್ಯವಾಗಿ ಮನುಷ್ಯರು ಬೇಡ. ಮನುಷ್ಯರ ಕಾಟ ಕಚೇರಿಯಲ್ಲೇ ಸಾಕಷ್ಟಿದೆ. ಟಿವಿ ಚಾನೆಲ್ಲಿನ ಸಂಕಲನದ ಮೇಜಿಗೆ ಅಂಟಿಕೊಂಡು, ಸಂದರ್ಶನಗಳಲ್ಲಿ ಜನ ಮಾತು ನಿಲ್ಲಿಸಿ ಯೋಚಿಸುವ ಜಾಗಗಳನ್ನೆಲ್ಲ ಕತ್ತರಿಸಿ ಎಸೆಯುವುದು ನನ್ನ ಹೊಟ್ಟೆಪಾಡು. ನನ್ನ ಸಿನಿಮಾದಲ್ಲಿ ಎಸೆಯುವುದು ಏನೂ ಇರುವುದಿಲ್ಲ.

ಕ್ಯಾಮೆರಾ ನನ್ನ ಹಳೆಯದೇ. ಕೀಲಿ ಕೊಟ್ಟರೆ ಓಡುವಂಥದ್ದು, ಒಳಗೆ ನಿಜವಾದ ಫಿಲ್ಮು. ಬೇಕೆಂದರೆ ಒಂದು ಒತ್ತಿಗೆ ಒಂದೇ ಚಿತ್ರ ತೆಗೆಯುತ್ತದೆ. ಬಿಸಿಲು ಇಷ್ಟಿಷ್ಟೇ ಸರಿದಂತೆ ಒಂದೊಂದೇ ಚಿತ್ರ ತೆಗೆಯುತ್ತ ಹೋದರೆ, ಪರದೆಯ ಮೇಲೆ ಒಂದಿಡೀ ಬೆಳಗು ಒಂದು ಉಸಿರಿನಷ್ಟು ಹೊತ್ತಿನಲ್ಲಿ ಹರಿದುಹೋಗುತ್ತದೆ. ಚಳಿಗಾಲದ ಬೆಳಗುಗಳೆಲ್ಲ ಒಂದೇ ರೀಲಿನಲ್ಲಿ! ಯೋಚಿಸಿದರೆ ಮೈ ಜುಮ್ಮೆನ್ನುತ್ತದೆ.

ಪದ್ಧತಿ ಎಂದಿನದೇ. ಕತ್ತರಿಸುವುದಿಲ್ಲ, ಮತ್ತೆ ತೆಗೆಯುವುದಿಲ್ಲ, ರೀಲು ಪೂರ್ತಿ ಮುಗಿಯುವವರೆಗೆ ಲ್ಯಾಬಿನಲ್ಲಿ ತೊಳೆಸಿ ನೋಡುವುದಿಲ್ಲ. ಯಾರಿಗೂ "ಹೀಗೆ ಮಾಡಿ, ಹಾಗೆ ನಿಲ್ಲಿ" ಎನ್ನುವುದಿಲ್ಲ. ಹೇಳಿ ಮಾಡಿಸಿದ ಮರುಕ್ಷಣ ಅದು ಸುಳ್ಳಾಗುತ್ತದೆ.

ಅಡ್ಡಿ ಎರಡು. ಒಂದು, ಪಕ್ಕದ ಖಾಲಿ ಜಾಗದಲ್ಲಿ ಕಟ್ಟಡ ಏಳುತ್ತಿದೆ. ಅದು ನಮ್ಮ ಎರಡನೇ ಮಹಡಿಯ ಮಟ್ಟಕ್ಕೆ ಬಂದ ದಿನ ನನ್ನ ಬಿಸಿಲು ಬಂದ್. ಎರಡು, ಕೋಣೆಯಲ್ಲಿ ಇವರ ಅಮ್ಮ ಇದ್ದಾರೆ. ಮಂಡಿಯ ಆಪರೇಷನ್ ಆದ ಮೇಲೆ ಕಳೆದ ತಿಂಗಳಿನಿಂದ ಆ ಕೋಣೆಯನ್ನು ಅವರಿಗೆ ಬಿಟ್ಟುಕೊಟ್ಟಿದ್ದೇವೆ. ಕಟ್ಟಡವನ್ನಾದರೂ ಹೇಗೋ ನಿಭಾಯಿಸಬಹುದು.

ಡಿಸೆಂಬರ್ 3

ಅಂದುಕೊಂಡದ್ದೇ ಆಯಿತು. ಒಂದು ದಿನ ರಜೆ ಹಾಕಿ ಕ್ಯಾಮೆರಾ ನಿಲ್ಲಿಸಲು ಹೋದರೆ ಇವರ ಅಮ್ಮ ಬಿಸಿಲಿನ ನಟ್ಟನಡುವೆ ಕುರ್ಚಿ ಹಾಕಿಕೊಂಡು, ಮಂಡಿ ಚಾಚಿ, ಸ್ವೆಟರ್ ಹೆಣೆಯುತ್ತ ಕೂತಿದ್ದಾರೆ. ಬಿಸಿಲು ಸರಿದಂತೆ ಅವರೂ ಕುರ್ಚಿ ಸರಿಸುತ್ತಾರೆ. ನನ್ನ ಇಡೀ ಸಿನಿಮಾದ ಮೇಲೆ ಅವರೊಬ್ಬರೇ!

ಎಷ್ಟು ನಯವಾಗಿ ಹೇಳಬೇಕೋ ಅಷ್ಟು ನಯವಾಗಿ ಹೇಳಿದೆ. ಬಿಸಿಲು ಖಾಲಿ ಇರಬೇಕು, ಅಲ್ಲಿ ಯಾರೂ ಬರಬಾರದು, ಬಂದರೆ ಸಿನಿಮಾ ಹಾಳು ಎಂದೆ. ಕಟ್ಟಡ ಏಳುವ ತನಕ ಅಷ್ಟೇ.

"ಖಾಲಿ ಬಿಸಿಲನ್ನ ಯಾರಮ್ಮಾ ನೋಡ್ತಾರೆ?" ಎಂದು ಕೇಳಿದರು.

"ನೋಡುವವರು ನೋಡ್ತಾರೆ."

"ಡಾಕ್ಟ್ರು ಬೆಳಗಿನ ಬಿಸಿಲಿಗೆ ಮಂಡಿ ಕಾಯಿಸಿ ಅಂದಿದಾರಲ್ಲಮ್ಮ."

"ಹಾಲಿನ ಕಿಟಕಿ ಹತ್ತಿರ ಕೂತರಾಯ್ತು" ಎಂದೆ. ಹಾಲಿನ ಕಿಟಕಿಗೆ ಬಿಸಿಲು ಬರುವುದು ಸಂಜೆ. ಅದು ನೆನಪಾದದ್ದು ಹೇಳಿಯಾದ ಮೇಲೆ. ಅವರು ಹೂಂಗುಟ್ಟಿ ಎದ್ದರು.

ಕ್ಯಾಮೆರಾ ಮೂಲೆಯಲ್ಲಿ ಮುಕ್ಕಾಲಿಯ ಮೇಲೆ ನಿಂತಿದೆ. ರಾಜನ ಹಾಗೆ ಕಾಣುತ್ತಿದೆ.

ಡಿಸೆಂಬರ್ 4

ಒಂದು ದೊಡ್ಡ ವಿಚಾರವನ್ನೇ ಮರೆತಿದ್ದೆ. ಬಿಸಿಲು ಕೋಣೆಗೆ ಬರುವ ಮೊದಲೇ ನಾನು ಕಚೇರಿಗೆ ಹೊರಡುತ್ತೇನೆ. ನನ್ನ ಸ್ಕೂಟರಿನ ಹಿಂದೆಯೇ ಕೂತು ಇವರೂ ತಮ್ಮ ಕನ್ನಡಕದ ಅಂಗಡಿಗೆ ಹೊರಡುತ್ತಾರೆ. ಅಂಗಡಿ ಆಸ್ಪತ್ರೆಯ ಒಳಗೇ ಇರುವುದರಿಂದ ಬೇಗ ತೆರೆಯಬೇಕು. ಹಾಗಾದರೆ ಒತ್ತುವವರು ಯಾರು? ತಲೆ ಕೆಟ್ಟುಹೋಯಿತು. ಬೆಳಿಗ್ಗೆ ಅಡುಗೆಮನೆಯಲ್ಲಿ ಗೊಣಗಾಡುತ್ತಿದ್ದದ್ದು ಅತ್ತೆಯವರ ಕಿವಿಗೆ ಬಿತ್ತು.

"ಏನು ಒತ್ತಬೇಕು ತೋರಿಸು. ನಾನೇನು ಮಾಡ್ತಿರ್ತೀನಿ ಇಡೀ ದಿನ?"

ತೋರಿಸಿದೆ. ಎಷ್ಟು ಹೊತ್ತಿಗೊಂದು ಸಲ ಎಂದು ಕೇಳಿದರು. ಗಡಿಯಾರ ನೋಡಿಕೊಂಡು ಕೂರುವುದು ಬೇಸರದ ಕೆಲಸ. "ಒಂದು ಸಾಲು ಹೆಣೆದು ಮುಗಿದಾಗ ಒಂದು ಸಲ ಒತ್ತಿದರೆ ಆಗತ್ತಾ?" ಎಂದು ಅವರೇ ಕೇಳಿದರು. ಆಗತ್ತಾ ಎಂದರೇನು! ಹೆಣಿಗೆಯ ಸಾಲಿನಲ್ಲಿ ಅಳೆದ ಸಿನಿಮಾ! ಇಂಥದ್ದು ಎಲ್ಲಾದರೂ ಉಂಟೇ! ಸ್ಕೂಟರಿನಲ್ಲಿ ಇಡೀ ದಾರಿ ಇದನ್ನೇ ಹೇಳಿದೆ. "ಎಮ್ಮೆ ಅಡ್ಡ ಬಂತು, ರಸ್ತೆ ನೋಡು" ಎಂದರು ಇವರು. ಎಮ್ಮೆ ಇರಲಿಲ್ಲ, ನನ್ನ ಬಾಯಿ ಮುಚ್ಚಿಸುವ ಉಪಾಯ.

ಡಿಸೆಂಬರ್ 9

ಪಕ್ಕದವರು ಕಂಬ ಎಬ್ಬಿಸಿ ಇಟ್ಟಿಗೆ ಹಾಕಲು ಶುರು ಮಾಡಿದ್ದಾರೆ. ಎಷ್ಟು ಬೇಗ ಕಟ್ಟುತ್ತಾರಪ್ಪ! ಹೊಟ್ಟೆ ಉರಿಯುತ್ತದೆ. ನಮ್ಮ ಮನೆಯ ನಲ್ಲಿ ರಿಪೇರಿಗೆ ಕರೆದರೆ ತಿಂಗಳಾದರೂ ಬರುವುದಿಲ್ಲ, ಬಿಸಿಲು ಮುಚ್ಚುವುದಕ್ಕೆ ಮಾತ್ರ ಎಲ್ಲರೂ ಹಾಜರು.

ಸಂಜೆ ಅತ್ತೆಯವರು ವರದಿ ಒಪ್ಪಿಸಿದರು. ಇವತ್ತು ಸ್ವೆಟರಿನ ಬೆನ್ನು ಮುಗಿಯಿತಂತೆ. "ನಿನ್ನ ಕ್ಯಾಮೆರಾ ಟಕ್ ಅಂದಾಗೆಲ್ಲ ನಂಗೆ ಖುಷಿ ಆಗತ್ತಮ್ಮ" ಎಂದರು. ಸಿನಿಮಾದ ವಿಷಯ ಅವರಿಗೆ ಏನು ಗೊತ್ತು ಅಂದುಕೊಂಡಿದ್ದೆ. ನನ್ನ ಖುಷಿಯೂ ಆ ಟಕ್ಕೇ.

ಡಿಸೆಂಬರ್ 15, ಭಾನುವಾರ

ಇವತ್ತು ನಡೆದದ್ದನ್ನು ಹೇಗೆ ಬರೆಯಲಿ!

ಲೆನ್ಸಿನ ಮೇಲೆ ದೂಳು ಕೂತಿದೆ ಅನ್ನಿಸಿತು. ಇವರು ಕ್ಯಾಮೆರಾವನ್ನು ಒಳಗೆ ಊಟದ ಮೇಜಿಗೆ ಒಯ್ದು, ಅಂಗಡಿಯ ಮೆತ್ತನೆ ಬಟ್ಟೆಯಲ್ಲಿ ಒರೆಸುತ್ತ ಕೂತರು. ನಾನು ಮುಕ್ಕಾಲಿಯ ಸ್ಕ್ರೂ ತರಲು ಕೋಣೆಗೆ ಹೋದೆ. ಕ್ಯಾಮೆರಾ ಇಲ್ಲದ ಮುಕ್ಕಾಲಿ. ಬಿಸಿಲಿನಲ್ಲಿ ಅತ್ತೆ ಕೂತಿದ್ದರು. ಕಣ್ಣು ಮುಚ್ಚಿದ್ದರು. ಹೊಸ ಮಂಡಿಯ ಮೇಲೆ ಎರಡೂ ಅಂಗೈ ಇಟ್ಟಿದ್ದರು, ಯಾರದೋ ಮಗುವಿನ ತಲೆ ಸವರಿದ ಹಾಗೆ. ಬಿಸಿಲು ಪಾದದಿಂದ ಹತ್ತಿ ಸೆರಗಿನ ತನಕ ಬಂದಿತ್ತು. ಆ ಬಿಸಿಲು ಮೊದಲ ಬಾರಿಗೆ ಬೆಚ್ಚಗೆ ಕಂಡಿತು! ಖಾಲಿ ನೆಲದ ಮೇಲೆ ಅದು ಬರೀ ಬೆಳಕಾಗಿತ್ತು.

ಬೆಪ್ಪಾಗಿ ನಿಂತುಬಿಟ್ಟೆ. ನಾನು ಇಷ್ಟು ವರ್ಷ ಮನುಷ್ಯರಿಲ್ಲದ ಸಿನಿಮಾ ಎಂದು ಬಡಾಯಿ ಕೊಚ್ಚಿಕೊಂಡದ್ದೆಲ್ಲ ಮಣ್ಣಾಯಿತು. ಆಗಲಿ! ಅತ್ತೆ ಬೇಕು. ರೀಲಿನ ಮೊದಲ ಭಾಗ ಖಾಲಿ ಬಿಸಿಲು, ಇನ್ನು ಮುಂದೆ ಅತ್ತೆ ಕೂತ ಬಿಸಿಲು. ಒಬ್ಬರು ಸುಮ್ಮನೆ ಬಂದು ಬೆಳಕಿನಲ್ಲಿ ಕೂತುಕೊಳ್ಳುತ್ತಾರೆ, ಹೊರಗೆ ಗೋಡೆ ಏಳುತ್ತಿದೆ, ಬಿಸಿಲು ದಿನದಿನಕ್ಕೆ ಕಿರಿದಾಗುತ್ತಿದೆ, ಅವರು ಎದ್ದು ಹೋಗುವುದಿಲ್ಲ! ಇದಕ್ಕಿಂತ ದೊಡ್ಡ ಕಥೆ ಯಾರ ಹತ್ತಿರ ಇದೆ?

ಡಿಸೆಂಬರ್ 16

ಹೇಗೆ ಹೇಳುವುದೆಂದು ಬೆಳಿಗ್ಗೆ ತುಂಬ ಯೋಚಿಸಿದೆ. "ಬಿಸಿಲಲ್ಲಿ ಕೂರಿ" ಎಂದರೆ ಕೆಟ್ಟಿತು. ಆ ಕ್ಷಣದಿಂದ ಅವರು ಸೆರಗು ಸರಿ ಮಾಡಿಕೊಂಡು, ಬೆನ್ನು ನೆಟ್ಟಗೆ ಮಾಡಿ, ಪಾಸ್‌ಪೋರ್ಟ್ ಫೋಟೋದ ಮುಖ ಹಾಕಿಕೊಂಡು ಕೂರುತ್ತಾರೆ. ನನ್ನ ಪದ್ಧತಿಯಲ್ಲಿ ನಿರ್ದೇಶನ ಇಲ್ಲ. ಆದ್ದರಿಂದ ಇಷ್ಟೇ ಹೇಳಿದೆ:

"ಅತ್ತೆ, ನಾನಿಲ್ಲದಾಗ ನೀವು ಹೇಗಿರುತ್ತೀರೋ ಹಾಗೇ ಇರಿ. ಏನೂ ಬದಲಾಯಿಸಬೇಡಿ."

"ಬದಲಾಯಿಸಲ್ಲಮ್ಮ. ಈಗ ಹೇಗೆ ನಡೀತಿದೆಯೋ ಹಾಗೇ."

"ಹಾಗೇ!"

ಸಂಜೆ ಕ್ಯಾಮೆರಾ ಅಂಗಡಿಗೆ ಹೋಗಿ ಉದ್ದನೆಯ ರಬ್ಬರ್ ಕೊಳವೆ ತಂದೆ. ಒಂದು ತುದಿ ಕ್ಯಾಮೆರಾಕ್ಕೆ, ಇನ್ನೊಂದು ತುದಿಗೆ ರಬ್ಬರ್ ಉಂಡೆ. ಉಂಡೆ ಹಿಸುಕಿದರೆ ದೂರದಿಂದಲೇ ಚಿತ್ರ. ಇನ್ನು ಕುರ್ಚಿ ಬಿಟ್ಟು ಏಳಬೇಕಾಗಿಲ್ಲ, ಬಿಸಿಲಲ್ಲೇ ಕೂತು ಹೆಣೆಯುತ್ತ ಹಿಸುಕಬಹುದು. ಬಾಯಿಬಿಟ್ಟು ಹೇಳಲೇ ಇಲ್ಲ, ಕೊಳವೆಯ ಉದ್ದವೇ ಹೇಳುತ್ತದೆ. ಅತ್ತೆ ಉಂಡೆಯನ್ನು ಹಿಸುಕಿ ಹಿಸುಕಿ ನೋಡಿ, "ಬಿ.ಪಿ. ನೋಡೋದೂ ಹೀಗೇ ಅಲ್ವೇನೇ" ಎಂದರು. ಇಬ್ಬರೂ ನಕ್ಕೆವು.

ಡಿಸೆಂಬರ್ 22, ಭಾನುವಾರ

ರಜೆಯ ದಿನ ನಾನೇ ಒತ್ತುತ್ತೇನೆ. ಅತ್ತೆ ಕೋಣೆಯತ್ತ ಸುಳಿಯಲಿಲ್ಲ, ಹಾಲಿನಲ್ಲಿ ಮಗನ ಜೊತೆ ಮಾತಾಡುತ್ತ ಕೂತರು. ಕರೆಯೋಣವೇ ಎಂದು ನಾಲಿಗೆಯ ತುದಿಗೆ ಬಂತು. ನುಂಗಿಕೊಂಡೆ. ಆಮೇಲೆ ಹೊಳೆಯಿತು, ಇದೇ ಸರಿ! ವಾರವೆಲ್ಲ ಅತ್ತೆ ತುಂಬಿದ ಬಿಸಿಲು, ಭಾನುವಾರ ಖಾಲಿ. ತಾನೇ ತಾನಾಗಿ ಒಂದು ತಾಳ ಹುಟ್ಟಿಕೊಂಡಿತು! ನಾನು ಮೂಗು ತೂರಿಸಿದ್ದರೆ ಇದು ಸಿಗುತ್ತಿತ್ತೇ? ನನ್ನ ಪದ್ಧತಿಗೆ ನಾನೇ ಬೆನ್ನು ತಟ್ಟಿಕೊಂಡೆ.

ಗೋಡೆ ನಮ್ಮ ಕಿಟಕಿಯ ಮಟ್ಟಕ್ಕೆ ಬರುತ್ತಿದೆ. ಬಿಸಿಲು ತಡವಾಗಿ ಬರುತ್ತಿದೆ.

ಡಿಸೆಂಬರ್ 28

ವ್ಯಾಯಾಮ ಮಾಡಿಸುವ ಹೆಂಗಸು ಬಂದಿದ್ದಳು. ಅತ್ತೆಯ ಮಂಡಿ ಬಗ್ಗಿಸಿ ನೋಡಿ ಮುಖ ಸಿಂಡರಿಸಿದಳು. ಇಷ್ಟು ಹೊತ್ತಿಗೆ ಇನ್ನೂ ಸಡಿಲವಾಗಬೇಕಿತ್ತಂತೆ.

"ಬಿಸಿಲಿಗೆ ಕೂರ್ತಿದೀರಾ?"

ಅತ್ತೆ ಹೂಂ ಎಂದರು. "ಕೂರೋದೇನು, ಇಡೀ ಬೆಳಿಗ್ಗೆ ಅಲ್ಲೇ!" ಎಂದು ನಾನೂ ದನಿಗೂಡಿಸಿದೆ. ಚಳಿ ಜಾಸ್ತಿ, ಅದಕ್ಕೇ ಇರಬೇಕು ಎಂದಳು. ಇರಬಹುದು. ಅತ್ತೆ ಈಗ ಮನೆಯೊಳಗೂ ಶಾಲು ಬಿಡುವುದಿಲ್ಲ. ಎಣ್ಣೆ ಬೆಚ್ಚಗೆ ಮಾಡಿ ನಾನೇ ತಿಕ್ಕಿದೆ. ತಿಕ್ಕುತ್ತ ಪರದೆಯ ಮೇಲೆ ಅವರು ಹೇಗೆ ಕಾಣುತ್ತಾರೆಂದು ಯೋಚಿಸುತ್ತಿದ್ದೆ. ಹೊಳೆಯುತ್ತಾರೆ!

ಜನವರಿ 4

ಬಿಸಿಲು ಈಗ ಒಂದು ಪಟ್ಟಿ ಮಾತ್ರ. ಇವರು ಅಂಗಡಿಯಿಂದ ದೊಡ್ಡ ಕನ್ನಡಿ ತರುತ್ತೇನೆ, ಹೊರಗೆ ಬಿಸಿಲು ಬೀಳುವ ಕಡೆ ಇಟ್ಟು ಅದನ್ನು ಒಳಗೆ ತಿರುಗಿಸೋಣ ಎಂದರು. ಕಡ್ಡಿ ಮುರಿದ ಹಾಗೆ ಬೇಡವೆಂದೆ. ಬಂದ ಬಿಸಿಲನ್ನು ತೆಗೆದುಕೊಳ್ಳುವವಳು ನಾನು, ತರಿಸಿಕೊಳ್ಳುವವಳಲ್ಲ.

"ಸಿನಿಮಾಕ್ಕಲ್ಲ ಕಣೇ, ಅಮ್ಮನಿಗೆ" ಎಂದರು.

"ಕನ್ನಡಿ ಇಟ್ಟರೆ ಚಿತ್ರದಲ್ಲಿ ಗೊತ್ತಾಗಿಬಿಡತ್ತೆ."

"ಇನ್ನು ಸ್ವಲ್ಪ ದಿನ ತಾನೇ, ಬಿಡೋ" ಎಂದು ಅತ್ತೆಯೇ ನನ್ನ ಪಕ್ಷ ವಹಿಸಿದರು. ಮಗನ ಬಾಯಿ ಬಂದ್. ನಮ್ಮತ್ತೆ ಎಂದರೆ ನಮ್ಮತ್ತೆ!

ಈಗ ಅವರಿಗೆ ಗೋಡೆ ಕಟ್ಟುವ ಮೇಸ್ತ್ರಿಯ ಪರಿಚಯವೂ ಆಗಿದೆ. ಕಿಟಕಿಗೂ ಅವನು ನಿಂತು ಕಟ್ಟುವ ಹಲಗೆಗೂ ಮಾತಾಡುವಷ್ಟೇ ದೂರ. "ಸ್ವಲ್ಪ ನಿಧಾನ ಕಟ್ಟಪ್ಪಾ, ನಮ್ಮ ಮನೇಲಿ ಸಿನಿಮಾ ನಡೀತಿದೆ" ಎಂದರಂತೆ. "ಹೀರೋ ಯಾರಮ್ಮಾ?" ಎಂದನಂತೆ. "ಸೂರ್ಯ" ಎಂದರಂತೆ. ಅವನು ಇಟ್ಟಿಗೆ ಕೆಳಗಿಟ್ಟು ನಕ್ಕನಂತೆ. ಗೋಡೆ ಮಾತ್ರ ನಿಲ್ಲಲಿಲ್ಲ.

ಜನವರಿ 11

ಮುಗಿಯಿತು. ಬಿಸಿಲು ಕೊನೆಗೆ ಕಿಟಕಿಯ ಸರಳಿನಷ್ಟು ದಪ್ಪವಾಗಿ ಬಂದು ಹೋಯಿತಂತೆ. ರೀಲೂ ಹೆಚ್ಚುಕಡಿಮೆ ಅಲ್ಲಿಗೇ ಮುಗಿದಿದೆ! ಸ್ವೆಟರೂ ಮುಗಿದಿದೆ, ಇವರ ಹೊಟ್ಟೆಗೆ ಬಿಗಿ. ಸೋಮವಾರ ರೀಲನ್ನು ಲ್ಯಾಬಿಗೆ ಕಳಿಸುತ್ತೇನೆ.

ಕಾಲು ನೆಲದ ಮೇಲೆ ನಿಲ್ಲುತ್ತಿಲ್ಲ. ಅತ್ತೆಯ ಕೋಣೆ ಮಾತ್ರ ಬಾವಿಯ ಹಾಗಾಗಿದೆ. ಹಗಲೇ ದೀಪ ಹಾಕಬೇಕು.

ಜನವರಿ 30

ರೀಲು ಬಂತು. ರಾತ್ರಿಯ ತನಕ ಯಾರು ಕಾಯುತ್ತಾರೆ! ಕತ್ತಲೆಗೇನು, ಕೋಣೆಯಲ್ಲೇ ಬೇಕಾದಷ್ಟಿದೆ. ಅರ್ಧ ದಿನ ರಜೆ ಪಡೆದು ಮಧ್ಯಾಹ್ನವೇ ಬಾಗಿಲು ಹಾಕಿ, ಅತ್ತೆಯನ್ನೂ ಇವರನ್ನೂ ಮಂಚದ ಮೇಲೆ ಕೂರಿಸಿ, ಪ್ರೊಜೆಕ್ಟರಿನಿಂದ ಗೋಡೆಯ ಮೇಲೆ ಹಾಕಿದೆ.

ಬಿಸಿಲು ಬಂತು. ಗೋಡೆಯಿಂದಿಳಿಯಿತು, ನೆಲದ ಮೇಲೆ ಹರಿಯಿತು, ಹೋಯಿತು. ಮತ್ತೆ ಬಂತು, ಹೋಯಿತು. ಉಸಿರಾಡಿದ ಹಾಗೆ. ಎಷ್ಟು ಚೆನ್ನಾಗಿತ್ತು! ಈಗ ಅತ್ತೆ ಬರುತ್ತಾರೆ ಎಂದು ಕಣ್ಣಿಗೆ ಎಣ್ಣೆ ಬಿಟ್ಟುಕೊಂಡು ಕಾದೆ. ಬರಲಿಲ್ಲ. ಬಿಸಿಲು ಕಿರಿದಾಗತೊಡಗಿತು. ಬರಲಿಲ್ಲ. ಪಟ್ಟಿಯಾಯಿತು, ಗೆರೆಯಾಯಿತು, ಕತ್ತಲಾಯಿತು. ಮೊದಲಿಂದ ಕೊನೆಯ ತನಕ ಒಂದು ನರಪಿಳ್ಳೆ ಇಲ್ಲ.

"ಅತ್ತೆ, ನೀವೆಲ್ಲಿ?" ಎಂದೆ.

"ನಾನಾ? ನಾನು ಈ ಮೂಲೇಲಿ, ಕ್ಯಾಮೆರಾ ಹಿಂದೆ." ಮುಖ ಅರಳಿತ್ತು. "ಒಂದು ದಿನಾನೂ ಅಡ್ಡ ಬರಲಿಲ್ಲ ನೋಡು. ನೀನು ಆ ಉದ್ದದ ಕೊಳವೆ ತಂದುಕೊಟ್ಟ ಮೇಲಂತೂ ಇನ್ನೂ ಒಳ್ಳೇದಾಯ್ತು, ಕುರ್ಚಿ ಬಾಗಿಲ ಹತ್ತಿರಕ್ಕೇ ಎಳ್ಕೊಂಡೆ. ನೆರಳೂ ಬೀಳಬಾರದಲ್ಲ."

ಅವತ್ತು ಭಾನುವಾರ ಬಿಸಿಲಲ್ಲಿ ಕೂತಿದ್ದಿರಲ್ಲ ಎಂದೆ.

"ಅವತ್ತು ಕ್ಯಾಮೆರಾನೇ ಇರಲಿಲ್ವಲ್ಲೇ! ಇವನು ಒರೆಸ್ತಾ ಇದ್ದ. ಸದ್ಯ ಸಿಕ್ತು ಅಂತ ಹೋಗಿ ಕೂತೆ."

ಇವರು ನನ್ನ ಕಡೆ ನೋಡಿದರು. ನಾನು ಯಾರ ಕಡೆಯೂ ನೋಡಲಿಲ್ಲ. ಅತ್ತೆಗೆ ಇನ್ನೊಂದು ಚಿಂತೆ ಇತ್ತು. ಒಂದು ದಿನ ಉಣ್ಣೆಯ ಉಂಡೆ ಬಿಸಿಲಿಗೆ ಉರುಳಿಹೋಗಿ, ತೆಗೆದುಕೊಳ್ಳಲು ಬಗ್ಗಿದಾಗ ಇನ್ನೊಂದು ಕೈ ರಬ್ಬರ್ ಉಂಡೆ ಅದುಮಿ ಟಕ್ ಅಂದುಬಿಟ್ಟಿತಂತೆ. "ಅಲ್ಲೊಂದು ಕಡೆ ನನ್ನ ಕೈ ಬಂದಿರತ್ತೆ. ಅದನ್ನ ಕತ್ತರಿಸಿ ಬಿಸಾಕು."

ರೀಲನ್ನು ಹಾಲಿನ ಕಿಟಕಿಗೆ ಹಿಡಿದು ಹುಡುಕಿದೆ. ಸಿಕ್ಕಿತು. ಒಂದೇ ಚಿತ್ರ. ಬಿಸಿಲಿನ ಅಂಚಿನಲ್ಲಿ ಶಾಲಿನಿಂದ ಚಾಚಿದ ಕೈ, ಬೆರಳುಗಳು ಮಾತ್ರ ಬೆಳಕಿನಲ್ಲಿ. ಪರದೆಯ ಮೇಲೆ ಕಣ್ಣು ಮಿಟುಕಿಸುವುದರೊಳಗೆ ಹೋಗಿಬಿಡುತ್ತದೆ.

"ಕತ್ತರಿಸಲ್ಲ ಅತ್ತೆ" ಎಂದೆ. ಬಚ್ಚಲಿಗೆ ಹೋಗಿ ನಲ್ಲಿ ಬಿಟ್ಟುಕೊಂಡೆ.

ಆಮೇಲೆ ಇವರು ಬಂದು ಬಾಗಿಲ ಹೊರಗೆ ನಿಂತು ಹೇಳಿದರು, ಜೋರು ಮಾಡದೆ: "ಒಂದು ಮಾತು, 'ಅತ್ತೆ, ಬಿಸಿಲಲ್ಲಿ ಕೂತ್ಕೊಳ್ಳಿ' ಅಂದಿದ್ರೆ ನಿನ್ನ ಸಿನಿಮಾ ಏನಾಗ್ತಿತ್ತು?"

ನಾನು ಮೊದಲು ಬಯಸಿದ್ದಕ್ಕಿಂತ ಚೆಂದದ ಸಿನಿಮಾ ನನ್ನ ಕೈಯಲ್ಲಿದೆ, ಅದು ನನಗೆ ಬೇಡವಾಗಿದೆ. ಬೇಕಾದ ಬಿಸಿಲು ಇನ್ನು ಬರುವುದಿಲ್ಲ.

ಜನವರಿ 31

ಏನೂ ಬರೆಯಲು ಮನಸ್ಸಿಲ್ಲ. ಅತ್ತೆ ಎರಡು ಸಲ ಹಾಕಿಸಿಕೊಂಡು ನೋಡಿದರು.

ಫೆಬ್ರವರಿ 9, ಭಾನುವಾರ

ನಮ್ಮ ಚಿತ್ರಸಂಘದಲ್ಲಿ ಪ್ರದರ್ಶನ. ಹಾಕುವುದೇ ಬೇಡ ಎಂದಿದ್ದೆ. ಅತ್ತೆ ಆಗಲೇ ಮೇಸ್ತ್ರಿಗೂ ಹೇಳಿ, ವ್ಯಾಯಾಮದವಳಿಗೂ ಹೇಳಿ, ಇಸ್ತ್ರಿ ಸೀರೆ ಉಟ್ಟು ಕೂತಿದ್ದರು. ಕೋಲು ಊರಿಕೊಂಡು ಒಂದೊಂದೇ ಮೆಟ್ಟಿಲು ಇಳಿದರು. ಇಳಿಯುವಾಗ ನನ್ನ ತೋಳನ್ನು ಎಷ್ಟು ಬಿಗಿಯಾಗಿ ಹಿಡಿದಿದ್ದರೆಂದರೆ ಈಗಲೂ ಅಲ್ಲಿ ಕೆಂಪಗಿದೆ.

ಜನಕ್ಕೆ ಹಿಡಿಸಿತು! ನಿಜವಾಗಿಯೂ ಹಿಡಿಸಿತು! ಬಿಸಿಲು ಕಿರಿದಾಗುವ ಹೊತ್ತಿಗೆ ಸಭಾಂಗಣದಲ್ಲಿ ಒಬ್ಬರೂ ಕೆಮ್ಮಲಿಲ್ಲ. ಆ ಕೈ ಬಂದು ಹೋದದ್ದನ್ನು ಯಾರೂ ಗಮನಿಸಲಿಲ್ಲ. ಅತ್ತೆ ನನ್ನ ತೊಡೆಗೆ ತಿವಿದು "ಬಂತು" ಎಂದರು.

ಚಪ್ಪಾಳೆ ಆದಮೇಲೆ ಮುಂದಿನ ಸಾಲಿನಿಂದ ಒಬ್ಬರು ಎದ್ದು ಕೇಳಿದರು: "ಇಡೀ ಚಿತ್ರದಲ್ಲಿ ಮನುಷ್ಯರೇ ಇಲ್ಲವಲ್ಲ. ಅವರನ್ನು ಯಾಕೆ ಹೊರಗಿಟ್ಟಿರಿ?"

ಇದಕ್ಕೆ ನನ್ನ ಹತ್ತಿರ ವರ್ಷಗಳಿಂದ ತಯಾರಾದ ಭಾಷಣವಿದೆ. ಮೈಕು ಹಿಡಿದೆ. ಒಂದು ಅಕ್ಷರ ನೆನಪಾಗಲಿಲ್ಲ. ಪಕ್ಕದಲ್ಲಿ ಕೂತ ಅತ್ತೆಗೆ ಮೈಕಿನ ಅಗತ್ಯವೇ ಇರಲಿಲ್ಲ.

"ಯಾರಪ್ಪ ಹೇಳಿದ್ದು ಇಲ್ಲ ಅಂತ? ನಾನಿದ್ದೆ. ಸರಿದು ಕೂತಿದ್ದೆ."

ಸಭಾಂಗಣ ಗೊಳ್ಳೆಂದು ನಕ್ಕಿತು. ಅತ್ತೆಯೂ ನಕ್ಕರು, ನಗಿಸಿದ ಹೆಮ್ಮೆ ಬೇರೆ. ನನಗೆ ನಗು ಬರಲಿಲ್ಲ. ನಗು ನಿಲ್ಲುವ ತನಕ ಕಾದು ಮೈಕಿನಲ್ಲಿ ಹೇಳಿದೆ: ಇವರು ನಮ್ಮತ್ತೆ, ಈ ಚಿತ್ರ ತೆಗೆದವರು. ಆ ಬಿಸಿಲು ಇವರ ಮಂಡಿಗೆ ಬೇಕಾಗಿತ್ತು. ನಾನು ಖಾಲಿ ಬೇಕೆಂದೆ, ಇವರು ಚಳಿಯಲ್ಲಿ ಕೂತು ಖಾಲಿ ಮಾಡಿಕೊಟ್ಟರು. ಆಮೇಲೆ ನನಗೇ ಖಾಲಿ ಬೇಡವಾಯಿತು, ಅದನ್ನು ಹೇಳಲು ನನಗೆ ಬಾಯಿ ಬರಲಿಲ್ಲ.

ಯಾರೂ ನಗಲಿಲ್ಲ. ಅತ್ತೆ ತಿರುಗಿ ನನ್ನನ್ನೇ ನೋಡಿದರು. "ಬೇಡವಾಗಿತ್ತೇನೇ?" ಎಂದು ಮೆಲ್ಲಗೆ ಕೇಳಿದರು. ಹೌದೆಂದು ತಲೆಯಾಡಿಸಿದೆ. ಆಮೇಲೆ, "ಹೇಳಬಾರದಾಗಿತ್ತಾ, ಹುಚ್ಚಿ" ಎಂದು ಕೆನ್ನೆ ಚಿವುಟಿದರು, ಅಷ್ಟು ಜನರ ಮುಂದೆ.

ಫೆಬ್ರವರಿ 10

ಕಚೇರಿಗೆ ತಡವಾಯಿತು, ಬೈಸಿಕೊಂಡೆ. ಬೆಳಿಗ್ಗೆ ಎದ್ದು ನಮ್ಮ ಇಡೀ ಕಟ್ಟಡ ಸುತ್ತಿದೆ. ತಾರಸಿಯ ಮೇಲೆ ಬಿಸಿಲು ಬೇಕಾದಷ್ಟಿದೆ, ಆದರೆ ಅತ್ತೆಗೆ ಅಲ್ಲಿಗೆ ಹತ್ತಲು ಆಗುವುದಿಲ್ಲ. ಕೊನೆಗೆ ಸಿಕ್ಕಿತು! ನಮ್ಮ ಮನೆಯ ಅರ್ಧ ಅಂತಸ್ತು ಕೆಳಗೆ, ಮೆಟ್ಟಿಲು ತಿರುಗುವ ಕಡೆ, ಹೊಸ ಗೋಡೆ ಅಡ್ಡ ಬಾರದ ಬದಿಯ ಜಾಲರಿಯಿಂದ ಒಳ್ಳೆಯ ಬಿಸಿಲು ಬರುತ್ತದೆ. ನೆಲದ ಮೇಲೆಲ್ಲ ಚುಕ್ಕಿ ಚುಕ್ಕಿ. ದೂಳಿತ್ತು, ಗುಡಿಸಿದೆ. ಕುರ್ಚಿ ಇಳಿಸಿದೆ. ಆಮೇಲೆ ಅತ್ತೆಯನ್ನು ಇಳಿಸಿದೆ.

"ಅತ್ತೆ, ಇಲ್ಲಿ ಕೂತ್ಕೊಳ್ಳಿ" ಎಂದೆ. "ಇಲ್ಲೇ, ಬಿಸಿಲಲ್ಲಿ. ಮಂಡಿ ಈ ಕಡೆ ಚಾಚಿ."

ಕೂತರು. ನಾನು ಪಕ್ಕದ ಮೆಟ್ಟಿಲ ಮೇಲೆ ಕೂತೆ. ನನಗೂ ಬಿಸಿಲು ಸಿಗಲೆಂದು ಅವರು ಕುರ್ಚಿ ಹಿಡಿದು ಆಚೆ ಸರಿಯಹೋದರು.

"ಸರೀಬೇಡಿ" ಎಂದೆ.